ತರಗೆಲೆಗೆ ಬೆಂಕಿ ಹಚ್ಚುವ ಮುಂಚೆ

ಮರದ ಬುಡದಲ್ಲಿ ಉದುರಿದ ಎಲೆಯನ್ನೆಲ್ಲ ಗುಡಿಸಿ, ಗುಡ್ಡೆ ಹಾಕಿ, ಬೆಂಕಿ ಹಚ್ಚುವುದನ್ನು ಕಂಡಾಗಲೆಲ್ಲ ನನಗೆ ಸಂಕಟವಾಗುತ್ತದೆ. "ಕಸ ತಾನೇ, ಸುಟ್ಟರೇನು?" ಅನ್ನುತ್ತಾರೆ. ಆ ಗುಡ್ಡೆಯಲ್ಲಿ ಇರುವುದು ಮರ ತಿಂಗಳುಗಟ್ಟಲೆ ಹಿಡಿದಿಟ್ಟ ಬಿಸಿಲು ಕಣ್ರೀ.

ಬಿಸಿಲು ಹಿಡಿಯುವುದೇನು ಸಲೀಸಾದ ಕೆಲಸವಲ್ಲ. ಎಲೆ ಮೇಲೆ ಬೀಳುವ ಬಿಸಿಲಿನಲ್ಲಿ ಹೆಚ್ಚುಕಡಿಮೆ ಅರ್ಧ ಮಾತ್ರ ಪತ್ರಹರಿತ್ತಿನ ಉಪಯೋಗಕ್ಕೆ ಬರುವಂಥದ್ದು. ಕೊನೆಗೆ ಸಕ್ಕರೆಯಾಗುವುದು ನೂರರಲ್ಲಿ ಒಂದೆರಡು ಪಾಲು, ಎಷ್ಟೋ ಕಡೆ ಅಷ್ಟೂ ಇಲ್ಲ. ಅದರಲ್ಲೂ ಸುಮಾರು ಅರ್ಧ ಗಿಡದ ಉಸಿರಾಟಕ್ಕೇ ಖರ್ಚು. ಮಿಕ್ಕಿದ್ದರಲ್ಲಿ ಎಲೆ, ಕಾಂಡ, ಬೇರು, ಹಣ್ಣು ಎಲ್ಲ ಆಗಬೇಕು.

ಶಾಲೆಯಲ್ಲಿ ಹುಲ್ಲು, ಜಿಂಕೆ, ಹುಲಿ ಅಂತ ಆಹಾರ ಸರಪಳಿ ಬರೆಸುತ್ತಿದ್ದರಲ್ವಾ? ಒಂದೊಂದು ಮೆಟ್ಟಿಲಿಗೂ ಸುಮಾರು ಹತ್ತರಲ್ಲೊಂದು ಪಾಲು ಶಕ್ತಿ ಮಾತ್ರ ದಾಟುತ್ತದೆ ಅಂತಲೂ ಕಲಿತೆವು. ಆದರೆ ಸತ್ತ ಎಲೆಯ ಕತೆಯನ್ನು ಯಾರೂ ಸರಿಯಾಗಿ ಹೇಳಲಿಲ್ಲ. ಅಮೆರಿಕದ ಮಿನ್ನೆಸೋಟದ ಒಂದು ಸಣ್ಣ ಕೆರೆಯಲ್ಲಿ ಶಕ್ತಿಯ ಈ ಲೆಕ್ಕ ಹಿಡಿದವರು ಪರಿಸರ ವಿಜ್ಞಾನಿ ರೇಮಂಡ್ ಲಿಂಡೆಮನ್. ಅವರು ಬರೆದ ಚಿತ್ರದ ನಟ್ಟನಡುವೆ ಇದ್ದದ್ದು ಸತ್ತ ಗಿಡ, ಜೀವಿಗಳೆಲ್ಲ ಕೊಳೆತು ಸೇರುವ ಕೆರೆ ತಳದ ಕೆಸರು! ಆ ಚಿತ್ರವಿದ್ದ ಲೇಖನ 1942ರಲ್ಲಿ ಅಚ್ಚಾಗುವ ಮೊದಲೇ, ಬರೀ 26ನೇ ವಯಸ್ಸಿಗೆ, ಅವರು ತೀರಿಕೊಂಡರು. ನೆನೆದರೆ ಈಗಲೂ ಬೇಜಾರಾಗುತ್ತದೆ.

ಕಾಡಿನಲ್ಲೂ ಅಷ್ಟೇ. ಹಸಿ ಎಲೆ ತಿನ್ನುವ ಪ್ರಾಣಿ, ಹುಳಗಳ ಪಾಲು ತೀರಾ ಕಡಿಮೆ. ಉಳಿದದ್ದೆಲ್ಲ ನೆಲಕ್ಕೇ ಬರುತ್ತದೆ.

ಮೊನ್ನೆ ಒಂದು ಮರದಡಿ ಕೂತು ತರಗೆಲೆಯನ್ನು ಪದರ ಪದರವಾಗಿ ಎತ್ತಿ ನೋಡಿದೆ. ಮೇಲಿನದು ಗರಿಗರಿ. ಅದರ ಕೆಳಗಿನದು ಒದ್ದೆ, ಕಪ್ಪು, ಒಂದಕ್ಕೊಂದು ಅಂಟಿಕೊಂಡದ್ದು. ಇನ್ನೂ ಕೆಳಗೆ ನರ ಮಾತ್ರ ಉಳಿದು ಬಲೆಯಂತಾದ ಎಲೆಗಳು, ಅವುಗಳ ನಡುವೆ ಬೂಷ್ಟಿನ ಬಿಳಿ ದಾರ, ಮುಟ್ಟಿದ ಕೂಡಲೇ ಸುರುಳಿ ಸುತ್ತಿಕೊಂಡ ಒಂದು ಸಹಸ್ರಪದಿ. ಅರ್ಧ ಕೊಳೆತ ಒಂದು ಎಲೆಯನ್ನು ಎಳೆದರೆ ಬರಲಿಲ್ಲ. ಕೂದಲೆಳೆಯಂಥ ಬೇರು ಅದನ್ನು ಹಿಡಿದುಕೊಂಡಿತ್ತು. ಮರ ತಾನು ಉದುರಿಸಿದ್ದನ್ನೇ ಮತ್ತೆ ಹುಡುಕಿಕೊಂಡು ಬಂದಿತ್ತು.

ಎಲೆ ಉದುರಿಸುವ ಮುಂಚೆ ಮರ ಅದರಲ್ಲಿರುವ ಸಾರಜನಕ, ರಂಜಕದಲ್ಲಿ ಅರ್ಧದಷ್ಟನ್ನು ಒಳಕ್ಕೆ ಎಳೆದುಕೊಳ್ಳುತ್ತದೆ. ಉಳಿದದ್ದು ಎಲೆಯಲ್ಲೇ ಸಿಕ್ಕಿಕೊಂಡಿರುತ್ತದೆ. ಅದನ್ನು ಬಿಡಿಸುವವರು ಮಣ್ಣಿನ ಬೂಷ್ಟು, ಬ್ಯಾಕ್ಟೀರಿಯಾ, ಹುಳಗಳು. ಅವಕ್ಕೆ ಕೂಲಿ ಎಲೆಯಲ್ಲಿರುವ ಶಕ್ತಿಯೇ. ಆ ಶಕ್ತಿ ಮರಕ್ಕೆ ವಾಪಸ್ ಬರುವುದಿಲ್ಲ, ನಿಧಾನವಾಗಿ ಬಿಸಿಯಾಗಿ ಹೋಗಿಬಿಡುತ್ತದೆ. ಆದರೆ ಹೋಗುವ ದಾರಿಯಲ್ಲಿ ಮರದ ಮುಂದಿನ ಚಿಗುರಿಗೆ ಬೇಕಾದ್ದನ್ನು ಬಿಡಿಸಿಕೊಟ್ಟು ಹೋಗುತ್ತದೆ. ಬೆಂಕಿ ಹಚ್ಚಿದರೆ ಅದೇ ಶಕ್ತಿ ಹತ್ತು ನಿಮಿಷದಲ್ಲಿ ಸುಮ್ನೆ ಗಾಳಿಪಾಲು. ಸಾರಜನಕವೂ ಹೆಚ್ಚಿನ ಪಾಲು ಹೊಗೆಯ ಜೊತೆಗೇ ಹೋಗುತ್ತದೆ. ಬೂದಿಯಲ್ಲಿ ಪೊಟ್ಯಾಷ್, ಸುಣ್ಣದಂಶ ಉಳಿಯುತ್ತದೆ, ನಿಜ. ಆದರೆ ಬೂದಿ ತಿಂದು ಎರೆಹುಳು ಬದುಕುವುದಿಲ್ಲ.

ದಾರಿ ಮೇಲೆ ಬಿದ್ದದ್ದನ್ನು ಗುಡಿಸಿ, ಬೇಡ ಅನ್ನುವುದಿಲ್ಲ. ಗುಡಿಸಿದ್ದನ್ನು ಮರದ ಸುತ್ತ ಹರಡಿಬಿಡಿ, ಕಾಂಡಕ್ಕೆ ತಾಗದ ಹಾಗೆ ಒಂದು ಗೇಣು ಜಾಗ ಬಿಟ್ಟು. ಮಳೆ ಬಿದ್ದ ಮೇಲೆ ಒಮ್ಮೆ ಎತ್ತಿ ನೋಡಿ.