ಟೊಪ್ಪಿಗೆಯವನ ಪಾದರಕ್ಷೆ

ಮೇಜಿ ಚಕ್ರವರ್ತಿಯ ಕಾಲದ (1868–1912) ಜಪಾನಿನ ಬೀದಿಯೊಂದರ ಚಲನಚಿತ್ರ ತುಣುಕನ್ನು ಮೊನ್ನೆ ನೋಡಿದಾಗ ನನಗೆ ಬೆರಗಿಗಿಂತ ಮೊದಲು ಸಿಟ್ಟು ಬಂತು. ಯಾರೋ ಪುಣ್ಯಾತ್ಮರು ಅದಕ್ಕೆ ಬಣ್ಣ ಬಳಿದು, ಸಾಲದೆಂಬಂತೆ ಹಿನ್ನೆಲೆಯಲ್ಲಿ ಪಿಯಾನೊ ಬೇರೆ ಬಾರಿಸಿದ್ದರು. ಫ್ರಾನ್ಸಿನ ಲ್ಯೂಮಿಯೇರ್ ಸಹೋದರರ, ಚಲನಚಿತ್ರ ತೆಗೆದು ತೋರಿಸುವ ಯಂತ್ರವನ್ನು 1897ರಲ್ಲಿ ಜಪಾನಿಗೆ ತಂದ ಕ್ಯೋತೊದ ಇನಾಬಾತಾ ಕಾತ್ಸುತಾರೊ ಅವರು ಫ್ರಾನ್ಸಿನ ಲಿಯೋನ್‌ನಲ್ಲಿ ಕಲಿತಿದ್ದು ಬಟ್ಟೆಗೆ ಬಣ್ಣ ಹಾಕುವ ವಿದ್ಯೆಯನ್ನು. ಅವರ ಮನೆಯವರ ಊಟವನ್ನೇ ಕಾನ್ಸ್ತಾಂ ಜಿರೆಲ್ ಎಂಬ ಫ್ರೆಂಚ್ ಛಾಯಾಗ್ರಾಹಕ ಒಂದು ನಿಮಿಷವೂ ಇಲ್ಲದ ಸುರುಳಿಯಲ್ಲಿ ಸೆರೆಹಿಡಿದ. ಬಣ್ಣವನ್ನೇ ಬಲ್ಲ ಮನುಷ್ಯನಿಗೆ ಕಪ್ಪು ಬಿಳುಪು ಸಾಕಾಗಿರುವಾಗ ಇವರಿಗೇಕೆ ಈ ಉಮೇದು?

ಇರಲಿ, ನನ್ನ ಕಣ್ಣು ನೆಟ್ಟಿದ್ದು ಒಬ್ಬ ದಾರಿಹೋಕನ ಮೇಲೆ. ಮೈಮೇಲೆ ಕಿಮೋನೊ, ಕಾಲಲ್ಲಿ ಗೆತಾ ಎಂಬ ಮರದ ಹಾವುಗೆ, ತಲೆಯ ಮೇಲೆ ಮಾತ್ರ ವಿಲಾಯಿತಿಯ ಗುಂಡು ಟೊಪ್ಪಿಗೆ. ಕೂದಲನ್ನು ಇಷ್ಟಬಂದಂತೆ ಕತ್ತರಿಸಿಕೊಳ್ಳಬಹುದು, ಸಮುರಾಯಿಗಳು ಕತ್ತಿಯನ್ನು ಬಿಟ್ಟು ಓಡಾಡಬಹುದು ಎಂದು ಸರ್ಕಾರ 1871ರಲ್ಲಿ ಹೊರಡಿಸಿದ ಆಜ್ಞೆಯಲ್ಲಿ ಟೊಪ್ಪಿಗೆ ಹಾಕಿಕೊಳ್ಳಿ ಎಂಬ ಮಾತಿರಲಿಲ್ಲ. ಅಲ್ಲಿಯವರೆಗೆ ಹಣೆಯಿಂದ ನೆತ್ತಿಯವರೆಗೆ ಬೋಳಿಸಿ, ಉಳಿದ ಕೂದಲನ್ನು ಹಿಂದೆ ಕಟ್ಟಿ, ಆ ಜುಟ್ಟನ್ನು ಬೋಳಿನ ಮೇಲೆ ಮಡಚಿಡುವುದು ಗಂಡಸಿನ ಘನತೆಯಾಗಿತ್ತು. ಚಕ್ರವರ್ತಿಯೇ 1873ರಲ್ಲಿ ಜುಟ್ಟು ತೆಗೆಸಿದ ಮೇಲೆ ಪ್ರಜೆಗಳು ಹಿಂಜರಿಯುವುದೆಂತು? ಆದರೆ ಜುಟ್ಟು ಕತ್ತರಿಸಲು ಒಂದು ಗಳಿಗೆ ಸಾಕು, ಬೋಳಿಸಿದ ನೆತ್ತಿಯಲ್ಲಿ ಕೂದಲು ತುಂಬಲು ತಿಂಗಳುಗಳೇ ಬೇಕು. ಆ ನಡುಗಾಲದಲ್ಲಿ, ಕೊಯ್ದ ಗದ್ದೆಯ ಕೂಳೆಯಂತೆ ಕಾಣುವ ತಲೆಯನ್ನು ಹೊತ್ತು ಸಂತೆಗೆ ಹೋಗಬೇಕಾದವನಿಗೆ ಟೊಪ್ಪಿಗೆಯು ನಾಗರಿಕತೆಯ ಗುರುತಾಗಿ ಅಲ್ಲ, ಮಾನ ಮುಚ್ಚುವ ಮುಚ್ಚಳವಾಗಿಯೇ ಒದಗಿರಬೇಕು ಎಂದು ನನ್ನ ಗುಮಾನಿ. ಇದು ಇತಿಹಾಸಕಾರರ ಮಾತಲ್ಲ, ಕೂದಲುದುರಿದವನೊಬ್ಬನ ಅನುಭವ. ನಮ್ಮವನು ಮಾತ್ರ ಆಜ್ಞೆಯಾಗಿ ಕಾಲು ಶತಮಾನ ಕಳೆದ ಮೇಲೂ, ನೆತ್ತಿಯಲ್ಲಿ ಕೂದಲು ಬಂದು ನರೆಯುವಷ್ಟು ಕಾಲವಾದರೂ, ಟೊಪ್ಪಿಗೆಯನ್ನು ಕೆಳಗಿಳಿಸಿಲ್ಲ. ಹಾಗೆಯೇ ಹಾವುಗೆಯನ್ನೂ ಬಿಟ್ಟಿಲ್ಲ.

ಆ ಹಾವುಗೆಯ ಸದ್ದನ್ನು ಹಿಡಿಯುವುದು ಆ ಯಂತ್ರಕ್ಕೆ ಸಾಧ್ಯವಿರಲಿಲ್ಲ ಎಂಬುದು ನಿಜ. ಆದರೆ ಮಣ್ಣಿನ ಬೀದಿಯಲ್ಲಿ ಅದು ಹೇಗೆ ಕೇಳಿಸುತ್ತಿತ್ತೋ ಎಂದು ಊಹಿಸಲೂ ಬಿಡದಂತೆ ಪಿಯಾನೊ ಕುಟ್ಟುತ್ತಿದ್ದರೆ ಮನುಷ್ಯ ಏನು ಮಾಡಬೇಕು? ಧ್ವನಿಯನ್ನು ಪೂರ್ತಿ ನಿಲ್ಲಿಸಿ ಮತ್ತೊಮ್ಮೆ ನೋಡಿದೆ. ಬಣ್ಣವನ್ನು ನಿಲ್ಲಿಸುವ ಗುಂಡಿ ಎಲ್ಲಿಯೂ ಸಿಗಲಿಲ್ಲ.