ಪೌತಿ ಖಾತೆಗಾಗಿ ಇನ್ನೆಷ್ಟು ಅಲೆಯಬೇಕು?

ಅಪ್ಪ ತೀರಿಕೊಂಡು ವರ್ಷ ದಾಟಿತು. ಅವರ ಜಮೀನು ವಾರಸುದಾರರಾದ ನಮ್ಮ ಹೆಸರಿಗೆ ಬರುವ ಪೌತಿ ಖಾತೆ ಮಾತ್ರ ಇನ್ನೂ ಆಗಿಲ್ಲ. ಪಹಣಿಯಲ್ಲಿ ಮಾಲೀಕರ ಹೆಸರು ಬರೆಯುವ ಒಂಬತ್ತನೇ ಕಾಲಂನಲ್ಲಿ ಇಂದಿಗೂ ಅವರದೇ ಹೆಸರಿದೆ. ಉಳುವುದು, ಬಿತ್ತುವುದು, ಕಂದಾಯ ಕಟ್ಟುವುದು ಎಲ್ಲವೂ ನಾನೇ. ಆದರೂ ಸರ್ಕಾರದ ಲೆಕ್ಕದಲ್ಲಿ ನನಗೆ ಒಂದು ಗುಂಟೆ ಜಮೀನೂ ಇಲ್ಲ.

ಹಕ್ಕು ಬಂದ ಮೂರು ತಿಂಗಳೊಳಗೆ ವಾರಸುದಾರರು ವರದಿ ಮಾಡಬೇಕು ಎಂದು 1964ರ ಕರ್ನಾಟಕ ಭೂಕಂದಾಯ ಕಾಯ್ದೆಯ 128ನೇ ಕಲಂ ಹೇಳುತ್ತದೆ. ಆ ಗಡುವಿನೊಳಗೇ ಮರಣ ಪ್ರಮಾಣಪತ್ರ, ವಂಶವೃಕ್ಷ ಎಲ್ಲವನ್ನೂ ಲಗತ್ತಿಸಿ ಅರ್ಜಿ ಕೊಟ್ಟಿದ್ದೇವೆ. ನಮ್ಮ ಮನೆಯಲ್ಲಿ ತಕರಾರಿಲ್ಲ. ಸೇಡಂ ಕಡೆ ಮದುವೆಯಾಗಿ ಹೋದ ಅಕ್ಕ ಮಕ್ಕಳನ್ನು ಕಟ್ಟಿಕೊಂಡು ಬಂದು ಸಹಿ ಹಾಕಿ ಹೋದಳು. ಚಾವಡಿಯ ಗೋಡೆಗೆ ಅಂಟಿಸಿದ ನೋಟಿಸಿನ 30 ದಿನಗಳೂ ಮುಗಿದವು, ಊರಿನಲ್ಲಿ ಒಬ್ಬರೂ ಆಕ್ಷೇಪಣೆ ಎತ್ತಲಿಲ್ಲ. ಮತ್ತೆ ಅಡ್ಡಿ ಏನು?

ಅಪ್ಪನ ಹೆಸರು ಪಹಣಿಯಲ್ಲಿ ‘ಶರಣಪ್ಪ’ ಎಂದಿದೆ, ಆಧಾರ್‌ನಲ್ಲಿ ‘ಶರಣಬಸಪ್ಪ’ ಎಂದಿದೆ! ಇಬ್ಬರೂ ಒಬ್ಬರೇ ಎಂದು ಕಚೇರಿಯವರು ಅಫಿಡವಿಟ್ ಕೇಳಿದರು, ಮಾಡಿಸಿ ಕೊಟ್ಟೆವು. ಆಮೇಲೆ ವಂಶವೃಕ್ಷದಲ್ಲಿ ಅವ್ವನ ವಯಸ್ಸು ತಾಳೆಯಾಗುವುದಿಲ್ಲ ಎಂದರು. ಅದನ್ನು ಸರಿಪಡಿಸಿ ಒಯ್ದರೆ ಮರಣ ಪ್ರಮಾಣಪತ್ರದ ಪ್ರತಿ ಮಸುಕಾಗಿದೆಯಂತೆ. ಮೊದಲ ದಿನವೇ ಕಡತ ತೆರೆದು ಎಲ್ಲ ಕೊರತೆಗಳನ್ನೂ ಒಂದೇ ಚೀಟಿಯಲ್ಲಿ ಬರೆದುಕೊಡಲು ಇವರಿಗೆ ಏನು ಕಷ್ಟ? ಒಂದು ದಿನದ ಕೂಲಿ ಬಿಟ್ಟು, ಬಸ್ಸಿಗೆ ದುಡ್ಡು ಸುರಿದು ಬಂದವನಿಗೆ ‘ಸಾಹೇಬರು ಮೀಟಿಂಗಿನಲ್ಲಿದ್ದಾರೆ’ ಎನ್ನುವಾಗ ಇವರ ಮುಖದಲ್ಲಿ ಒಂದಿಷ್ಟಾದರೂ ಅಳುಕು ಬೇಡವೇ? ಗ್ರಾಮ ಆಡಳಿತಾಧಿಕಾರಿಯನ್ನು ಕೇಳಿದರೆ ಕಂದಾಯ ನಿರೀಕ್ಷಕರ ಕಡೆ ಬೆರಳು ತೋರಿಸುತ್ತಾರೆ. ಅವರನ್ನು ಕೇಳಿದರೆ ಕಡತ ಮೇಲಿನವರ ಲಾಗಿನ್‌ನಲ್ಲಿದೆ ಎನ್ನುತ್ತಾರೆ. ಅಲ್ಲಿ ಹೋದರೆ ಸರ್ವರ್ ಇಲ್ಲ. ಆದರೆ ಹೊರಗೆ ಜೆರಾಕ್ಸ್ ಅಂಗಡಿಯ ಮುಂದೆ ನಿಲ್ಲುವ ದಲ್ಲಾಳಿ ವಾರದೊಳಗೆ ಮಾಡಿಸಿಕೊಡುತ್ತೇನೆ ಎಂದು ರೇಟು ಹೇಳುತ್ತಾನೆ. ಅವನಿಗೆ ಮಾತ್ರ ಸರ್ವರ್ ಯಾವಾಗಲೂ ಇರುತ್ತದೆಯೇ?

ಅಪ್ಪನಿಗೆ ಬರುತ್ತಿದ್ದ ಪಿಎಂ ಕಿಸಾನ್ ಕಂತು ನಿಂತಿತು, ಅದನ್ನು ಬಿಡಿ. ಪಹಣಿ ನನ್ನ ಹೆಸರಿನಲ್ಲಿಲ್ಲದ ಕಾರಣ ಸರ್ಕಾರದ ರೈತ ನೋಂದಣಿ ಸಂಖ್ಯೆಯಾದ ಫ್ರೂಟ್ಸ್ ಐಡಿಗೆ ಈ ಹೊಲ ಸೇರಲಿಲ್ಲ. ಸಹಕಾರ ಸಂಘದ ಶೂನ್ಯ ಬಡ್ಡಿಯ ಬೆಳೆ ಸಾಲ ತಪ್ಪಿತು, ತೊಗರಿಗೆ ವಿಮೆಯೂ ತಪ್ಪಿತು. ಬೀಜ, ಗೊಬ್ಬರಕ್ಕೆ ಖಾಸಗಿಯವರ ಹತ್ತಿರ ಬಡ್ಡಿಗೆ ತಂದೆ. ಆ ವರ್ಷವೇ ಮಳೆ ಬಿಡದೆ ಹೊಡೆದು, ಕಪ್ಪು ನೆಲದಲ್ಲಿ ನೀರು ನಿಂತು, ಗಿಡಗಳ ಬೇರು ಕೊಳೆಯಿತು. ಸಮೀಕ್ಷೆಗೆ ಬಂದವರು ಬದುವಿನ ಮೇಲೆ ನಿಂತು ಫೋಟೊ ತೆಗೆದುಕೊಂಡರು, ಹೆಸರು ಮಾತ್ರ ಅಪ್ಪನದನ್ನೇ ಬರೆದುಕೊಂಡರು. ಅಪ್ಪನ ಬ್ಯಾಂಕ್ ಖಾತೆ ಮುಚ್ಚಿಹೋಗಿದೆ. ಪರಿಹಾರ ಯಾರಿಗೆ ಬರಬೇಕು?

ಒಪ್ಪಿಗೆ ಇಲ್ಲವೆಂದಾದರೆ ಅರ್ಜಿಯನ್ನು ತಿರಸ್ಕರಿಸಿ, ಕಾರಣ ಬರೆದು ಆದೇಶವನ್ನಾದರೂ ಕೊಡಲಿ. ಉಪವಿಭಾಗಾಧಿಕಾರಿಗಳ ಬಳಿ ಮೇಲ್ಮನವಿ ಹಾಕುತ್ತೇನೆ. ಅದನ್ನೂ ಕೊಡದೆ ‘ಪರಿಶೀಲನೆಯಲ್ಲಿದೆ’ ಎಂದು ಕೂರಿಸಿಬಿಟ್ಟರೆ ನಾನು ಯಾವುದರ ಮೇಲೆ ಮೇಲ್ಮನವಿ ಹಾಕಲಿ?