ಸ್ಪಷ್ಟನೆ: ‘ಸಂಸ್ಕಾರ’ದ ಸಂಗೀತ ರಾಜೀವ ತಾರಾನಾಥರದು

‘ಸಂಸ್ಕಾರ’ (1970) ಚಿತ್ರಕ್ಕೆ ಸಂಗೀತ ಕೊಟ್ಟವರು ಬಿ.ವಿ. ಕಾರಂತರು ಎನ್ನುವ ಮಾತು ಓಡಾಡುತ್ತಿದೆ. ಅದು ತಪ್ಪು. ಪಟ್ಟಾಭಿರಾಮ ರೆಡ್ಡಿಯವರ ಆ ಚಿತ್ರದ ಸಂಗೀತ ಪಂಡಿತ್ ರಾಜೀವ ತಾರಾನಾಥರದು. ಕಾರಂತರು ಸಂಗೀತ ಕೊಟ್ಟದ್ದು ‘ಘಟಶ್ರಾದ್ಧ’ಕ್ಕೆ (1977). ಹೊಸ ಅಲೆಯ ಚಿತ್ರ ಅಂದ ಕೂಡಲೇ ಕಾರಂತರ ಹೆಸರು ಬಾಯಿಗೆ ಬರುವುದು ಸಹಜ, ಅಲ್ವಾ? ಆದರೆ ಇಷ್ಟು ದೊಡ್ಡ ಕೆಲಸ ಸುಮ್ನೆ ಬೇರೆಯವರ ಖಾತೆಗೆ ಹೋದರೆ ಬೇಸರವಾಗುತ್ತದೆ.

ತಾರಾನಾಥರು ಅಲಿ ಅಕ್ಬರ್ ಖಾನರ ಶಿಷ್ಯರು, ಸರೋದ್ ವಾದಕರು. ಸರೋದ್ ಎಂಬ ಈ ತಂತಿವಾದ್ಯಕ್ಕೆ ಸಿತಾರಿನ ಹಾಗೆ ಮೆಟ್ಟಿಲುಗಳಿಲ್ಲ, ಅಂದರೆ ಸ್ವರದ ಜಾಗ ಗುರುತಿಸುವ ಅಡ್ಡಪಟ್ಟಿಗಳಿಲ್ಲ. ನುಣುಪಾದ ಲೋಹದ ಪಟ್ಟಿಯ ಮೇಲೆ ತಂತಿಯನ್ನು ಉಗುರಿನಿಂದ ಒತ್ತಿ ಜಾರಿಸುತ್ತಾರೆ. ಅದಕ್ಕೇ ಒಂದು ಸ್ವರ ಇನ್ನೊಂದಕ್ಕೆ ಕಡಿಯದೆ ಹರಿಯುತ್ತದೆ.

ಲಂಕೇಶರ ‘ಪಲ್ಲವಿ’ಗೂ, ಮಲಯಾಳದಲ್ಲಿ ಅರವಿಂದನ್ ಅವರ ‘ಕಾಂಚನ ಸೀತಾ’ಕ್ಕೂ ಸಂಗೀತ ತಾರಾನಾಥರದೇ. ಈಗಾಗಲೇ ಹಂಚಿಕೊಂಡವರು ದಯವಿಟ್ಟು ಹೆಸರು ತಿದ್ದಿ.